ಜಾನ್ ಬ್ಯಾರೋ

ಸರ್ ಜಾನ್ ಬ್ಯಾರೋ (19 ಜೂನ್ 1764 – 23 ನವೆಂಬರ್ 1848) ಬ್ರಿಟನ್ನಿನ ನೌಕಾ ಆಡಳಿತಗಾರ, ಭೂಗೋಳಜ್ಞ, ಪ್ರವಾಸಿ ಹಾಗೂ ಲೇಖಕ. ಬ್ರಿಟಿಷ್ ನೌಕಾಪಡೆಯ ಆಡಳಿತ ಕೇಂದ್ರವಾದ ಅಡ್ಮಿರಾಲ್ಟಿಯಲ್ಲಿ 1804ರಿಂದ 1845ರವರೆಗೆ, ನಡುವಿನ ಸುಮಾರು ಒಂದು ವರ್ಷವನ್ನು ಬಿಟ್ಟು, ಎರಡನೆಯ ಕಾರ್ಯದರ್ಶಿಯಾಗಿದ್ದ. ಈತ ನೌಕಾಪಡೆಯ ಅಧಿಕಾರಿಯಾಗಿರಲಿಲ್ಲ. ಯಾವ ಯುದ್ಧನೌಕೆಗೂ ನಾಯಕನಾಗಿರಲಿಲ್ಲ. ಆದರೂ ನೆಪೋಲಿಯನ್ ಯುದ್ಧಗಳ ಅನಂತರ ಬ್ರಿಟನ್ ಕೈಗೊಂಡ ಧ್ರುವ ಪ್ರದೇಶದ ಅನ್ವೇಷಣೆಗಳಲ್ಲಿ ಬಹುಪಾಲು ಈತನ ಮೇಜಿನಿಂದಲೇ ಹೊರಟವು. ಸರ್ಕಾರಗಳು ಬದಲಾದರೂ ಹಿರಿಯ ಅಧಿಕಾರಿ ತನ್ನ ಸ್ಥಾನದಲ್ಲಿ ಉಳಿಯಬೇಕೆಂಬ ಬ್ರಿಟಿಷ್ ಆಡಳಿತ ಸಂಪ್ರದಾಯದ ಆರಂಭವನ್ನು ಈತನ ಸೇವಾವಧಿಯಲ್ಲಿ ಗುರುತಿಸುತ್ತಾರೆ. ಇಷ್ಟು ದೀರ್ಘಕಾಲ ಒಂದೇ ಹುದ್ದೆಯಲ್ಲಿದ್ದುದು ಈತನ ಸಾಧನೆಗಳಿಗೆ ಕಾರಣವಾದಂತೆಯೇ ಈತನ ಕೆಲವು ತಪ್ಪು ಎಣಿಕೆಗಳು ದಶಕಗಳ ಕಾಲ ಉಳಿದುಬರಲೂ ಕಾರಣವಾಯಿತು.

ಜನನ ಮತ್ತು ಬಾಲ್ಯ

ಬ್ಯಾರೋ ಇಂಗ್ಲೆಂಡಿನ ಲ್ಯಾಂಕಷೈರಿನ ಅಲ್ವರ್ಸ್ಟನ್ ಪಟ್ಟಣದ ಬಳಿಯ ಡ್ರ್ಯಾಗ್ಲಿ ಬೆಕ್ ಎಂಬ ಹಳ್ಳಿಯಲ್ಲಿ ಜನಿಸಿದ. ಈ ಪ್ರದೇಶ ಈಗ ಕಂಬ್ರಿಯಾದಲ್ಲಿದೆ. ತಂದೆ ರೋಜರ್ ಬ್ಯಾರೋ ತೊಗಲು ಹದಮಾಡುವ ವೃತ್ತಿಯವ. ಮನೆತನಕ್ಕೆ ಆಸ್ತಿಯಾಗಲಿ ದೊಡ್ಡವರ ಸಂಪರ್ಕವಾಗಲಿ ಇರಲಿಲ್ಲ. ಅಲ್ವರ್ಸ್ಟನ್ನಿನ ಟೌನ್ ಬ್ಯಾಂಕ್ ಶಾಲೆಯಲ್ಲಿ ಓದಿದ ಬ್ಯಾರೋ ಹದಿಮೂರನೆಯ ವಯಸ್ಸಿನಲ್ಲಿ ಶಾಲೆಯನ್ನು ಬಿಟ್ಟ. ಗಣಿತದಲ್ಲಿ ಈತನಿಗೆ ವಿಶೇಷ ಆಸಕ್ತಿಯಿತ್ತು. ಮುಂದಿನ ಕಲಿಕೆಯೆಲ್ಲ ಹೆಚ್ಚಾಗಿ ಸ್ವಪ್ರಯತ್ನದಿಂದ ನಡೆಯಿತು.

ಕೆಲವು ಕಾಲ ಲಿವರ್‌ಪೂಲಿನ ಕಬ್ಬಿಣದ ಎರಕದ ಕಾರ್ಖಾನೆಯೊಂದರಲ್ಲಿ ಗುಮಾಸ್ತನಾಗಿದ್ದ. ತರುಣನಾಗಿದ್ದಾಗ ತಿಮಿಂಗಿಲ ಬೇಟೆಯ ಹಡಗಿನಲ್ಲಿ ಗ್ರೀನ್‌ಲೆಂಡ್ ಕಡೆಯ ಸಮುದ್ರಕ್ಕೆ ಒಮ್ಮೆ ಹೋಗಿಬಂದ. ಮುಂದೆ ಅನೇಕ ನೌಕಾಧಿಕಾರಿಗಳನ್ನು ಹಿಮಸಮುದ್ರಕ್ಕೆ ಕಳುಹಿಸಿದ ಈತನಿಗೆ ಆ ಸಮುದ್ರದ ನೇರ ಅನುಭವ ಇದ್ದುದು ಈ ಒಂದು ಬೇಸಗೆಯದು ಮಾತ್ರ. ಅನಂತರ ಲಂಡನ್ನಿನ ಬಳಿಯ ಗ್ರಿನಿಚ್‌ನಲ್ಲಿ, ನೌಕಾಪಡೆಗೆ ಸೇರಬಯಸುವ ಹುಡುಗರ ಶಾಲೆಯೊಂದರಲ್ಲಿ ಗಣಿತದ ಉಪಾಧ್ಯಾಯನಾದ.

ಚೀನಾ ರಾಯಭಾರ

ಈತನ ಜೀವನದ ದಿಕ್ಕು ಬದಲಾದುದು ಪಾಠ ಹೇಳುವ ಕೆಲಸದಿಂದಲೇ. ಸರ್ ಜಾರ್ಜ್ ಲಿಯೊನಾರ್ಡ್ ಸ್ಟಾಂಟನ್ ಎಂಬ ರಾಜತಂತ್ರಜ್ಞನ ಮಗನಿಗೆ ಬ್ಯಾರೋ ಗಣಿತ ಕಲಿಸುತ್ತಿದ್ದ. ಲಾರ್ಡ್ ಮೆಕಾರ್ಟ್ನಿ ಮದರಾಸಿನ ಗವರ್ನರ್ ಆಗಿದ್ದಾಗ ಸ್ಟಾಂಟನ್ ಆತನ ಕಾರ್ಯದರ್ಶಿಯಾಗಿದ್ದ. ಟಿಪ್ಪು ಸುಲ್ತಾನನೊಂದಿಗೆ 1784ರಲ್ಲಿ ಮಂಗಳೂರಿನ ಒಪ್ಪಂದವನ್ನು ಕುದುರಿಸಿದ ಮೂವರು ಇಂಗ್ಲಿಷ್ ಪ್ರತಿನಿಧಿಗಳಲ್ಲಿ ಒಬ್ಬನೂ ಆಗಿದ್ದ. 1792ರಲ್ಲಿ ಚೀನಾದ ಚಕ್ರವರ್ತಿಯ ಬಳಿಗೆ ಬ್ರಿಟನ್ನಿನ ಮೊದಲ ರಾಯಭಾರ ನಿಯೋಗ ಮೆಕಾರ್ಟ್ನಿಯ ನೇತೃತ್ವದಲ್ಲಿ ಹೊರಟಾಗ, ಸ್ಟಾಂಟನ್ನನ ಶಿಫಾರಸಿನಿಂದ ಬ್ಯಾರೋಗೆ ರಾಯಭಾರಿಯ ಪರಿವಾರದ ವ್ಯವಸ್ಥಾಪಕನ ಕೆಲಸ ದೊರೆಯಿತು.

ಚಕ್ರವರ್ತಿ ಚಿಯಾನ್‌ಲುಂಗ್‌ಗೆ ಒಯ್ದ ಕಾಣಿಕೆಗಳಲ್ಲಿ ಗ್ರಹಗಳ ಚಲನೆಯನ್ನು ತೋರಿಸುವ ದೊಡ್ಡ ಯಂತ್ರ, ಗಡಿಯಾರಗಳು ಮತ್ತು ವೈಜ್ಞಾನಿಕ ಉಪಕರಣಗಳಿದ್ದವು. 1793ರ ಸೆಪ್ಟೆಂಬರಿನಲ್ಲಿ ಮೆಕಾರ್ಟ್ನಿ ಚಕ್ರವರ್ತಿಯನ್ನು ಕಾಣಲು ಜೆಹೋಲ್ ನಗರಕ್ಕೆ ಹೋದಾಗ, ಬ್ಯಾರೋ ಪೀಕಿಂಗ್ ಬಳಿಯ ಯುವಾನ್‌ಮಿಂಗ್‌ಯುವಾನ್ ಅರಮನೆಯಲ್ಲಿ ಉಳಿದು ಆ ಯಂತ್ರಗಳ ಜೋಡಣೆಯನ್ನು ನೋಡಿಕೊಂಡ. ವ್ಯಾಪಾರದ ವಿಸ್ತರಣೆಯನ್ನು ಬಯಸಿದ್ದ ರಾಯಭಾರದ ಬೇಡಿಕೆಗಳು ಈಡೇರಲಿಲ್ಲ. ಆದರೆ ಬ್ಯಾರೋ ಅಷ್ಟಿಷ್ಟು ಚೀನೀ ಭಾಷೆಯನ್ನು ಕಲಿತ. ಚೀನಾದ ವಿಷಯದಲ್ಲಿ ತಿಳಿವಳಿಕೆಯುಳ್ಳವನೆಂಬ ಹೆಸರು ಈತನಿಗೆ ಕೊನೆಯವರೆಗೂ ಉಳಿಯಿತು. ಈ ಅನುಭವಗಳನ್ನು ಆಧರಿಸಿದ ಈತನ ಚೀನಾ ಪ್ರವಾಸ ಗ್ರಂಥ 1804ರಲ್ಲಿ ಪ್ರಕಟವಾಯಿತು.

ದಕ್ಷಿಣ ಆಫ್ರಿಕದಲ್ಲಿ

ಬ್ರಿಟಿಷರು 1795ರಲ್ಲಿ ಡಚ್ಚರಿಂದ ಕೇಪ್ ವಸಾಹತನ್ನು ವಶಪಡಿಸಿಕೊಂಡರು. 1797ರಲ್ಲಿ ಮೆಕಾರ್ಟ್ನಿ ಅಲ್ಲಿನ ಗವರ್ನರ್ ಆದಾಗ ಬ್ಯಾರೋ ಆತನ ಖಾಸಗಿ ಕಾರ್ಯದರ್ಶಿಯಾಗಿ ಕೇಪ್ ಟೌನಿಗೆ ಹೋದ. ಡಚ್ ಮೂಲದ ವಲಸಿಗರಿಗೂ ಗಡಿಯಾಚೆಯ ಖೋಸಾ ಜನರಿಗೂ ನಡುವೆ ನಡೆಯುತ್ತಿದ್ದ ಘರ್ಷಣೆಗಳನ್ನು ಶಮನಗೊಳಿಸುವುದಕ್ಕೂ, ಯಾವ ವಿವರವಾದ ನಕ್ಷೆಯೂ ಇಲ್ಲದ ಒಳನಾಡಿನ ಬಗ್ಗೆ ಮಾಹಿತಿ ಸಂಗ್ರಹಿಸುವುದಕ್ಕೂ ಈತನನ್ನು ಒಳನಾಡಿಗೆ ಕಳುಹಿಸಲಾಯಿತು. ಪೂರ್ವದಲ್ಲಿ ಗ್ರಾಫ್‌ರೈನೆಟ್ ಗಡಿನಾಡಿನವರೆಗೂ ಉತ್ತರದಲ್ಲಿ ನಮಾಕ್ವಾ ನಾಡಿನವರೆಗೂ ಸಂಚರಿಸಿದ ಬ್ಯಾರೋ ಭೂಪಟವನ್ನು ಸಿದ್ಧಪಡಿಸಿದ. ಬೆಟ್ಟ, ನದಿ, ಸಸ್ಯ, ಪ್ರಾಣಿ ಮತ್ತು ಜನಜೀವನದ ವಿವರಗಳನ್ನು ಬರೆದಿಟ್ಟ. ಅನಂತರ ವಸಾಹತಿನ ಲೆಕ್ಕಪತ್ರಗಳ ಪ್ರಧಾನ ಪರಿಶೋಧಕನಾಗಿ ನೇಮಕಗೊಂಡ.

1799ರಲ್ಲಿ ಕೇಪ್‌ನ ಟ್ರೂಟರ್ ಮನೆತನದ ಅನ್ನಾ ಮರಿಯಾಳನ್ನು ವಿವಾಹವಾದ. ಆಕೆ ಸಸ್ಯಗಳ ಚಿತ್ರಗಳನ್ನು ಬರೆಯುವುದರಲ್ಲಿ ನಿಪುಣೆ. ಕೇಪ್ ಟೌನಿನಲ್ಲಿ ಮನೆಯನ್ನು ಕೊಂಡು ಅಲ್ಲಿಯೇ ನೆಲಸಲು ಬ್ಯಾರೋ ನಿಶ್ಚಯಿಸಿದ್ದ. ಆದರೆ 1802ರ ಅಮಿಯೆನ್ಸ್ ಒಪ್ಪಂದದ ಪ್ರಕಾರ ವಸಾಹತನ್ನು ಡಚ್ಚರಿಗೆ ಹಿಂತಿರುಗಿಸಬೇಕಾಯಿತು. ನೆಲೆ ತಪ್ಪಿದ ಬ್ಯಾರೋ ಇಂಗ್ಲೆಂಡಿಗೆ ಮರಳಿದ. ದಕ್ಷಿಣ ಆಫ್ರಿಕದ ಬಗ್ಗೆ ಈತ ಬರೆದ ಎರಡು ಸಂಪುಟಗಳು 1801 ಮತ್ತು 1804ರಲ್ಲಿ ಪ್ರಕಟವಾದವು. ಸ್ಥಳೀಯ ಕೊಯ್‌ಕೊಯ್ ಜನರನ್ನು ಡಚ್ ರೈತರು ನಡೆಸಿಕೊಳ್ಳುತ್ತಿದ್ದ ರೀತಿಯನ್ನು ಅವುಗಳಲ್ಲಿ ಕಟುವಾಗಿ ಟೀಕಿಸಿದ್ದಾನೆ. ಬ್ರಿಟನ್ ಕೇಪ್ ಅನ್ನು ಉಳಿಸಿಕೊಳ್ಳಬೇಕೆಂಬ ವಾದವೂ ಅವುಗಳಲ್ಲಿ ಸೇರಿದೆ.

ಅಡ್ಮಿರಾಲ್ಟಿಯ ಕಾರ್ಯದರ್ಶಿ

ಕೇಪ್‌ನ ವರದಿಗಳಿಂದ ಬ್ಯಾರೋನ ಸಾಮರ್ಥ್ಯವನ್ನು ಅರಿತಿದ್ದ ಹೆನ್ರಿ ಡಂಡಾಸ್, ಅಂದರೆ ಲಾರ್ಡ್ ಮೆಲ್ವಿಲ್, 1804ರಲ್ಲಿ ಅಡ್ಮಿರಾಲ್ಟಿಯ ಮುಖ್ಯಸ್ಥನಾದ. ಆತ ಬ್ಯಾರೋನನ್ನು ಎರಡನೆಯ ಕಾರ್ಯದರ್ಶಿಯನ್ನಾಗಿ ನೇಮಿಸಿದ. 1806ರಲ್ಲಿ ಪ್ರಧಾನಿ ವಿಲಿಯಂ ಪಿಟ್ ತೀರಿಕೊಂಡು ಸರ್ಕಾರ ಬದಲಾದಾಗ ಬ್ಯಾರೋ ಹುದ್ದೆಯನ್ನು ಕಳೆದುಕೊಂಡ. 1807ರಲ್ಲಿ ಮತ್ತೆ ಅದೇ ಸ್ಥಾನಕ್ಕೆ ಬಂದವನು 1845ರ ಜನವರಿಯಲ್ಲಿ ನಿವೃತ್ತನಾಗುವವರೆಗೂ ಅಲ್ಲಿಯೇ ಇದ್ದ.

ಆಗ ಅಡ್ಮಿರಾಲ್ಟಿಗೆ ಇಬ್ಬರು ಕಾರ್ಯದರ್ಶಿಗಳಿರುತ್ತಿದ್ದರು. ಮೊದಲನೆಯ ಕಾರ್ಯದರ್ಶಿ ಸಾಮಾನ್ಯವಾಗಿ ಸಂಸತ್ತಿನ ಸದಸ್ಯ. ರಾಜಕೀಯ ಮತ್ತು ಹಣಕಾಸಿನ ವಿಷಯಗಳು ಆತನಿಗೆ ಸೇರಿದ್ದವು. 1809ರಿಂದ 1830ರವರೆಗೆ ಈ ಸ್ಥಾನದಲ್ಲಿ ಜಾನ್ ವಿಲ್ಸನ್ ಕ್ರೋಕರ್ ಇದ್ದ. ಎರಡನೆಯ ಕಾರ್ಯದರ್ಶಿ ಕಚೇರಿಯ ದೈನಂದಿನ ಆಡಳಿತವನ್ನು ನೋಡಿಕೊಳ್ಳುತ್ತಿದ್ದ. ಪ್ರಪಂಚದ ನಾನಾ ಸಮುದ್ರಗಳಲ್ಲಿದ್ದ ಹಡಗುಗಳಿಂದ ಬಂದ ಪತ್ರಗಳನ್ನು ಓದುವುದು, ಮಂಡಳಿಯ ನಿರ್ಣಯಗಳನ್ನು ಆಜ್ಞೆಗಳ ರೂಪಕ್ಕೆ ತರುವುದು, ಗುಮಾಸ್ತರ ಕೆಲಸದ ಮೇಲ್ವಿಚಾರಣೆ, ದಾಖಲೆಗಳ ರಕ್ಷಣೆ ಇವು ಆತನ ಹೊಣೆಗಳು. ಒಳಬರುವ ಪತ್ರಗಳ ಸಾರವನ್ನು ವಿಷಯವಾರು ಬರೆದು ಸೂಚಿ ಸಿದ್ಧಪಡಿಸುವ ಕ್ರಮ ಬ್ಯಾರೋನ ಕಾಲದಲ್ಲಿ ಕಚೇರಿಯಲ್ಲಿ ಬೇರೂರಿತು.

ಈತನ ಅವಧಿಯಲ್ಲಿ ಹತ್ತಕ್ಕೂ ಹೆಚ್ಚು ಮುಖ್ಯಸ್ಥರು ಅಡ್ಮಿರಾಲ್ಟಿಗೆ ಬಂದು ಹೋದರು. ಹೊಸದಾಗಿ ಬಂದ ಮಂತ್ರಿಗೆ ಹಿಂದಿನ ನಿರ್ಣಯಗಳು, ಅವುಗಳ ಕಾರಣಗಳು, ಅಧಿಕಾರಿಗಳ ಗುಣದೋಷಗಳು ತಿಳಿದಿರುತ್ತಿರಲಿಲ್ಲ. ಅವೆಲ್ಲ ತಿಳಿದಿದ್ದವನು ಎರಡನೆಯ ಕಾರ್ಯದರ್ಶಿ. ಹುದ್ದೆಯ ಅಧಿಕಾರ ನಿಯಮಗಳಲ್ಲಿ ಬರೆದದ್ದಕ್ಕಿಂತ ಮಿಗಿಲಾಗಿ ಬೆಳೆದುದು ಹೀಗೆ. ವಾಟರ್ಲೂ ಕದನದ ಬಳಿಕ, 1815ರಲ್ಲಿ, ನೆಪೋಲಿಯನ್ನನನ್ನು ಅಟ್ಲಾಂಟಿಕ್ ಸಾಗರದ ಸೇಂಟ್ ಹೆಲೆನಾ ದ್ವೀಪದಲ್ಲಿ ಇರಿಸಬೇಕೆಂಬ ಸಲಹೆ ಬಂದುದೂ ಬ್ಯಾರೋನಿಂದಲೇ ಎಂದು ಹೇಳಲಾಗಿದೆ.

1830ರಲ್ಲಿ ದೀರ್ಘಕಾಲದ ಟೋರಿ ಆಡಳಿತ ಕೊನೆಗೊಂಡು ಲಾರ್ಡ್ ಗ್ರೇಯ ನೇತೃತ್ವದ ವಿಗ್ ಸರ್ಕಾರ ಅಧಿಕಾರಕ್ಕೆ ಬಂತು. ಟೋರಿಗಳಿಂದ ನೇಮಕಗೊಂಡಿದ್ದ ಬ್ಯಾರೋ 1806ರಂತೆ ಮತ್ತೆ ಹೊರಹೋಗಬೇಕಾಗುತ್ತಿತ್ತು. ಆದರೆ ಹೊಸ ಸರ್ಕಾರ ಈತನನ್ನು ಸ್ಥಾನದಲ್ಲಿ ಮುಂದುವರಿಯುವಂತೆ ಕೇಳಿಕೊಂಡಿತು. ಪಕ್ಷ ಯಾವುದೇ ಇರಲಿ, ಹಿರಿಯ ಅಧಿಕಾರಿ ನಿಷ್ಪಕ್ಷಪಾತವಾಗಿ ಸೇವೆ ಸಲ್ಲಿಸಬೇಕೆಂಬ ತತ್ತ್ವಕ್ಕೆ ಇದು ಮುಖ್ಯ ನಿದರ್ಶನವಾಯಿತು. ಕಾಲಕ್ರಮದಲ್ಲಿ ಈ ಹುದ್ದೆಗೆ ಕಾಯಂ ಕಾರ್ಯದರ್ಶಿ ಎಂಬ ಹೆಸರೇ ಬಂತು. 1832ರಲ್ಲಿ ಮುಖ್ಯಸ್ಥ ಸರ್ ಜೇಮ್ಸ್ ಗ್ರಹಾಂ, ಹಡಗುಕಟ್ಟೆ ಮತ್ತು ಸರಬರಾಜುಗಳನ್ನು ಪ್ರತ್ಯೇಕವಾಗಿ ನಿರ್ವಹಿಸುತ್ತಿದ್ದ ಹಳೆಯ ಮಂಡಳಿಗಳನ್ನು ರದ್ದುಪಡಿಸಿ ಅವುಗಳ ಕೆಲಸವನ್ನು ಅಡ್ಮಿರಾಲ್ಟಿಯಲ್ಲಿ ವಿಲೀನಗೊಳಿಸಿದ. ಈ ಸುಧಾರಣೆಯಲ್ಲಿ ಬ್ಯಾರೋ ಆತನಿಗೆ ನೆರವಾದ.

ಅನ್ವೇಷಣಾ ಯಾತ್ರೆಗಳು

ಯುದ್ಧ ಮುಗಿದ ಮೇಲೆ ಬ್ರಿಟಿಷ್ ನೌಕಾಪಡೆಯ ಬಲ ಹಠಾತ್ತನೆ ಕುಗ್ಗಿತು. ಒಂದೂವರೆ ಲಕ್ಷಕ್ಕೆ ಸಮೀಪವಾಗಿದ್ದ ನಾವಿಕರ ಸಂಖ್ಯೆ ಕೆಲವೇ ವರ್ಷಗಳಲ್ಲಿ ಇಪ್ಪತ್ತು ಸಾವಿರದ ಆಸುಪಾಸಿಗೆ ಇಳಿಯಿತು. ಬಹುಪಾಲು ಅಧಿಕಾರಿಗಳು ಅರ್ಧ ಸಂಬಳದಲ್ಲಿ ಕೆಲಸವಿಲ್ಲದೆ ಕುಳಿತರು. ಹಡಗುಗಳೂ ಅನುಭವಿಗಳೂ ಇದ್ದಾಗ ಭೂಪಟದ ಖಾಲಿ ಜಾಗಗಳನ್ನು ತುಂಬಲು ಅವರನ್ನು ಬಳಸಬೇಕೆಂದು ಬ್ಯಾರೋ ವಾದಿಸಿದ. ರಾಯಲ್ ಸೊಸೈಟಿಯ ಅಧ್ಯಕ್ಷ ಜೋಸೆಫ್ ಬ್ಯಾಂಕ್ಸ್‌ನ ಬೆಂಬಲ ಈತನಿಗಿತ್ತು.

ಮೊದಲ ಪ್ರಯತ್ನ ಆಫ್ರಿಕದಲ್ಲಿ ನಡೆಯಿತು. ನೈಜರ್ ನದಿ ಎಲ್ಲಿ ಸಮುದ್ರವನ್ನು ಸೇರುತ್ತದೆಂಬುದು ಆಗ ಯೂರೋಪಿನವರಿಗೆ ಗೊತ್ತಿರಲಿಲ್ಲ. ಅದೂ ಕಾಂಗೋ ನದಿಯೂ ಒಂದೇ ಇರಬಹುದೆಂಬ ಊಹೆಯಿತ್ತು. ಇದನ್ನು ಪರೀಕ್ಷಿಸಲು 1816ರಲ್ಲಿ ಜೇಮ್ಸ್ ಟಕ್ಕಿಯ ತಂಡವನ್ನು ಕಾಂಗೋ ನದಿಗೆ ಕಳುಹಿಸಲಾಯಿತು. ಜಲಪಾತಗಳು ದಾರಿಯನ್ನು ತಡೆದವು. ಟಕ್ಕಿ, ಸಸ್ಯವಿಜ್ಞಾನಿ ಕ್ರಿಸ್ಟೆನ್ ಸ್ಮಿತ್ ಸೇರಿದಂತೆ ತಂಡದ ಅನೇಕರು ಅದೇ ವರ್ಷ ಸತ್ತರು. ನೈಜರ್ ಗಿನಿ ಕೊಲ್ಲಿಯನ್ನು ಸೇರುತ್ತದೆಂಬುದನ್ನು 1830ರಲ್ಲಿ ಲ್ಯಾಂಡರ್ ಸಹೋದರರು ಖಚಿತಪಡಿಸಿದರು.

ಬ್ಯಾರೋನ ಮುಖ್ಯ ಆಸಕ್ತಿ ವಾಯವ್ಯ ಜಲಮಾರ್ಗದ ಮೇಲಿತ್ತು. ಅಟ್ಲಾಂಟಿಕ್‌ನಿಂದ ಕೆನಡದ ಉತ್ತರದ ದ್ವೀಪಗಳ ನಡುವೆ ಸಾಗಿ ಪೆಸಿಫಿಕ್ ತಲಪುವ ಈ ದಾರಿಯನ್ನು ಯೂರೋಪಿನವರು ಹದಿನಾರನೆಯ ಶತಮಾನದಿಂದಲೂ ಹುಡುಕುತ್ತಿದ್ದರು. ತೀರದ ಹಿಮವನ್ನು ದಾಟಿದರೆ ಧ್ರುವದ ಸುತ್ತ ಹೆಪ್ಪುಗಟ್ಟದ ತೆರೆದ ಸಮುದ್ರವಿದೆಯೆಂದು ಬ್ಯಾರೋ ನಂಬಿದ್ದ. ಆಗ ಕೆಲವು ಭೂಗೋಳಜ್ಞರಲ್ಲಿ ಪ್ರಚಲಿತವಾಗಿದ್ದ ಈ ಅಭಿಪ್ರಾಯ ತಪ್ಪೆಂದು ಅನಂತರ ತಿಳಿಯಿತು. ಗ್ರೀನ್‌ಲೆಂಡ್ ಸಮುದ್ರದಲ್ಲಿ ಹಿಮ ಅಸಾಮಾನ್ಯವಾಗಿ ಕರಗಿದೆಯೆಂದು 1817ರಲ್ಲಿ ತಿಮಿಂಗಿಲ ಬೇಟೆಗಾರ ವಿಲಿಯಂ ಸ್ಕೋರ್ಸ್‌ಬಿ ವರದಿ ಮಾಡಿದ್ದು ಬ್ಯಾರೋನ ಯೋಜನೆಗೆ ಪುಷ್ಟಿ ಕೊಟ್ಟಿತು. ಆದರೆ ಹಿಮಸಮುದ್ರವನ್ನು ಚೆನ್ನಾಗಿ ಬಲ್ಲ ಸ್ಕೋರ್ಸ್‌ಬಿಗೆ ನಾಯಕತ್ವ ದೊರೆಯಲಿಲ್ಲ. ನಾಯಕರು ನೌಕಾಪಡೆಯವರೇ ಆಗಬೇಕೆಂಬುದು ಅಡ್ಮಿರಾಲ್ಟಿಯ ನಿಲುವಾಗಿತ್ತು.

1818ರಲ್ಲಿ ಎರಡು ತಂಡಗಳು ಹೊರಟವು. ಡೇವಿಡ್ ಬುಕನ್ ಮತ್ತು ಜಾನ್ ಫ್ರಾಂಕ್ಲಿನ್ ಧ್ರುವದ ಕಡೆಗೆ ಹೋಗಿ ಹಿಮದ ತಡೆಯಿಂದ ಹಿಂತಿರುಗಿದರು. ಜಾನ್ ರಾಸ್ ಬ್ಯಾಫಿನ್ ಕೊಲ್ಲಿಯನ್ನು ಸುತ್ತಿ ಲ್ಯಾಂಕಾಸ್ಟರ್ ಜಲಸಂಧಿಯ ಬಾಯಿಗೆ ಬಂದ. ಮುಂದೆ ಬೆಟ್ಟದ ಸಾಲು ಅಡ್ಡಗಟ್ಟಿರುವಂತೆ ಆತನಿಗೆ ಕಂಡಿತು. ಅದಕ್ಕೆ ಕ್ರೋಕರ್ ಬೆಟ್ಟಗಳೆಂದು ಹೆಸರಿಟ್ಟು ಹಿಂತಿರುಗಿದ. ಆತ ಕಂಡದ್ದು ಮರೀಚಿಕೆ. ಬ್ಯಾರೋ ಒಂದು ಪತ್ರಿಕೆಯಲ್ಲಿ ಹೆಸರು ಹಾಕದೆ ಬರೆದ ವಿಮರ್ಶೆಯಲ್ಲಿ ರಾಸ್‌ನನ್ನು ತೀವ್ರವಾಗಿ ಖಂಡಿಸಿದ. ರಾಸ್ 1829ರಲ್ಲಿ ಮತ್ತೆ ಆರ್ಕ್ಟಿಕ್‌ಗೆ ಹೋದುದು ಅಡ್ಮಿರಾಲ್ಟಿಯ ಖರ್ಚಿನಲ್ಲಿ ಅಲ್ಲ. ಫೆಲಿಕ್ಸ್ ಬೂತ್ ಎಂಬ ಮದ್ಯ ತಯಾರಕನ ಹಣದಿಂದ. ಅಧಿಕಾರಿಯೊಬ್ಬನ ಮೇಲೆ ಕಚೇರಿಯಲ್ಲಿ ತೀರ್ಪು ಕೊಡುವ ವ್ಯಕ್ತಿಯೇ ಪತ್ರಿಕೆಯಲ್ಲಿ ಅನಾಮಿಕನಾಗಿ ಆತನನ್ನು ಟೀಕಿಸಿದ ಈ ಪ್ರಸಂಗ ಬ್ಯಾರೋನ ವರ್ಚಸ್ಸಿನ ಇನ್ನೊಂದು ಮುಖವನ್ನು ತೋರಿಸುತ್ತದೆ.

ರಾಸ್‌ನ ಅಭಿಪ್ರಾಯ ತಪ್ಪೆಂಬುದು ಮರುವರ್ಷವೇ ಸಿದ್ಧವಾಯಿತು. 1819ರಲ್ಲಿ ವಿಲಿಯಂ ಎಡ್ವರ್ಡ್ ಪ್ಯಾರಿ ಅದೇ ಲ್ಯಾಂಕಾಸ್ಟರ್ ಜಲಸಂಧಿಯ ಮೂಲಕ ಪಶ್ಚಿಮಕ್ಕೆ ಸಾಗಿ, ಪಶ್ಚಿಮ ರೇಖಾಂಶ 110 ಡಿಗ್ರಿಯನ್ನು ದಾಟಿದ. ಸಂಸತ್ತು ಘೋಷಿಸಿದ್ದ 5,000 ಪೌಂಡುಗಳ ಬಹುಮಾನ ಆತನ ತಂಡಕ್ಕೆ ದೊರೆಯಿತು. ಮೆಲ್ವಿಲ್ ದ್ವೀಪದಲ್ಲಿ ಚಳಿಗಾಲವನ್ನು ಕಳೆದು ತಂಡ 1820ರಲ್ಲಿ ಹಿಂತಿರುಗಿತು. ಅದೇ ಸಮಯದಲ್ಲಿ ಕೆನಡದ ಉತ್ತರ ತೀರವನ್ನು ನೆಲದ ಮೂಲಕ ತಲಪಲು ಹೊರಟ ಫ್ರಾಂಕ್ಲಿನ್‌ನ ಇಪ್ಪತ್ತು ಜನರ ತಂಡದಲ್ಲಿ ಹನ್ನೊಂದು ಮಂದಿ ಸತ್ತರು; ಹೆಚ್ಚಿನವರ ಸಾವಿಗೆ ಹಸಿವು ಮತ್ತು ಚಳಿ ಕಾರಣ. ಈ ಯಾತ್ರೆಗಳ ಫಲವಾಗಿ ಆರ್ಕ್ಟಿಕ್ ತೀರದ ನೂರಾರು ಮೈಲಿಗಳ ನಕ್ಷೆ ಸಿದ್ಧವಾಯಿತು. 1831ರಲ್ಲಿ ಜೇಮ್ಸ್ ಕ್ಲಾರ್ಕ್ ರಾಸ್ ಉತ್ತರದ ಕಾಂತಧ್ರುವವನ್ನು ತಲಪಿದ. ಈತ ಜಾನ್ ರಾಸ್‌ನ ಸೋದರನ ಮಗ. ಮುಂದೆ 1839ರಿಂದ 1843ರವರೆಗೆ ಎರೆಬಸ್ ಮತ್ತು ಟೆರರ್ ಎಂಬ ಹಡಗುಗಳಲ್ಲಿ ದಕ್ಷಿಣ ಧ್ರುವ ಪ್ರದೇಶವನ್ನು ಪರಿಶೋಧಿಸಿದ.

ಫ್ರಾಂಕ್ಲಿನ್ ದುರಂತ

1844ರ ಕೊನೆಯಲ್ಲಿ, ಎಂಬತ್ತರ ವಯಸ್ಸಿನಲ್ಲಿ, ಬ್ಯಾರೋ ವಾಯವ್ಯ ಜಲಮಾರ್ಗಕ್ಕಾಗಿ ಮತ್ತೊಂದು ಯಾತ್ರೆಯ ಪ್ರಸ್ತಾವವನ್ನು ಮಂಡಿಸಿದ. ಪೂರ್ವದಿಂದಲೂ ಪಶ್ಚಿಮದಿಂದಲೂ ನಕ್ಷೆ ಬಹಳ ದೂರ ಸಾಗಿತ್ತು. ಉಳಿದಿರುವ ಅಂತರ ಚಿಕ್ಕದು, ಅಪಾಯ ಅಲ್ಪ ಎಂಬುದು ಈತನ ವಾದ. ಉತ್ತರ ಕೆನಡದಲ್ಲಿ ಸಂಚರಿಸಿದ್ದ ವೈದ್ಯ ರಿಚರ್ಡ್ ಕಿಂಗ್ ಇದನ್ನು ವಿರೋಧಿಸಿದ. ದೊಡ್ಡ ಹಡಗುಗಳ ಬದಲು ಸಣ್ಣ ತಂಡ ನದಿಯ ಮಾರ್ಗವಾಗಿ ಹೋಗಬೇಕೆಂಬುದು ಆತನ ಸಲಹೆ. ಅದಕ್ಕೆ ಮನ್ನಣೆ ದೊರೆಯಲಿಲ್ಲ.

ಜೇಮ್ಸ್ ಕ್ಲಾರ್ಕ್ ರಾಸ್ ನಾಯಕತ್ವವನ್ನು ನಿರಾಕರಿಸಿದ ಮೇಲೆ ಅದು ಜಾನ್ ಫ್ರಾಂಕ್ಲಿನ್‌ಗೆ ಬಂತು. ಆಗ ಆತನಿಗೆ 59 ವರ್ಷ. ಎರೆಬಸ್ ಮತ್ತು ಟೆರರ್ ಹಡಗುಗಳಿಗೆ ಉಗಿಯಂತ್ರಗಳನ್ನು ಅಳವಡಿಸಿ, ಮೂರು ವರ್ಷಗಳಿಗಾಗುವಷ್ಟು ಆಹಾರವನ್ನು ತುಂಬಲಾಯಿತು. 1845ರ ಮೇ 19ರಂದು ಹಡಗುಗಳು ಥೇಮ್ಸ್ ನದೀತೀರದ ಗ್ರೀನ್‌ಹೈತ್‌ನಿಂದ ಹೊರಟವು. ಬ್ಯಾರೋ ನಿವೃತ್ತನಾಗಿ ಆಗ ನಾಲ್ಕು ತಿಂಗಳು ಕಳೆದಿತ್ತು. ಜುಲೈ ತಿಂಗಳ ಕೊನೆಯಲ್ಲಿ ಬ್ಯಾಫಿನ್ ಕೊಲ್ಲಿಯಲ್ಲಿ ತಿಮಿಂಗಿಲ ಬೇಟೆಗಾರರು ಅವುಗಳನ್ನು ಕಂಡರು. ಅನಂತರ ಯಾವ ಯೂರೋಪಿಯನ್ನನೂ ಆ ನಾವಿಕರನ್ನು ಜೀವಂತವಾಗಿ ನೋಡಲಿಲ್ಲ.

1848ರಲ್ಲಿ ಶೋಧ ತಂಡಗಳು ಹೊರಟವು. ಅದೇ ವರ್ಷ ನವೆಂಬರಿನಲ್ಲಿ ಬ್ಯಾರೋ ತೀರಿಕೊಂಡ. ಹಡಗುಗಳ ಗತಿ ಈತನಿಗೆ ತಿಳಿಯಲೇ ಇಲ್ಲ. 1854ರಲ್ಲಿ ಜಾನ್ ರೇ ಇನ್ಯೂಟ್ ಜನರಿಂದ ದುರಂತದ ಸುದ್ದಿಯನ್ನು ಸಂಗ್ರಹಿಸಿದ. 1859ರಲ್ಲಿ ಮೆಕ್‌ಕ್ಲಿಂಟಕ್‌ನ ತಂಡಕ್ಕೆ ಕಿಂಗ್ ವಿಲಿಯಂ ದ್ವೀಪದಲ್ಲಿ ಒಂದು ಪತ್ರ ಸಿಕ್ಕಿತು. ಫ್ರಾಂಕ್ಲಿನ್ 1847ರ ಜೂನ್ 11ರಂದು ಸತ್ತನೆಂದೂ, ಹಿಮದಲ್ಲಿ ಸಿಲುಕಿದ ಹಡಗುಗಳನ್ನು 1848ರ ಏಪ್ರಿಲ್ 22ರಂದು ತೊರೆದು ಉಳಿದ 105 ಜನ ದಕ್ಷಿಣಕ್ಕೆ ಹೊರಟರೆಂದೂ ಅದರಿಂದ ತಿಳಿಯಿತು. ಯಾತ್ರೆಯಲ್ಲಿದ್ದ 129 ಜನರಲ್ಲಿ ಒಬ್ಬನೂ ಮರಳಲಿಲ್ಲ. ಎರೆಬಸ್‌ನ ಅವಶೇಷ 2014ರಲ್ಲಿ, ಟೆರರ್‌ನ ಅವಶೇಷ 2016ರಲ್ಲಿ ಸಮುದ್ರದ ತಳದಲ್ಲಿ ಪತ್ತೆಯಾದವು. ಒಂದೇ ಹಡಗಿನಲ್ಲಿ ವಾಯವ್ಯ ಜಲಮಾರ್ಗವನ್ನು ಮೊದಲು ಪೂರ್ತಿಯಾಗಿ ದಾಟಿದವನು ನಾರ್ವೆಯ ರೊಆಲ್ಡ್ ಅಮುಂಡ್‌ಸೆನ್. 1903ರಿಂದ 1906ರವರೆಗೆ ನಡೆದ ಆ ಯಾತ್ರೆಯಲ್ಲಿ ಇದ್ದುದು ಒಂದು ಚಿಕ್ಕ ಹಡಗು, ಕೆಲವೇ ಜನ.

ಕೃತಿಗಳು ಮತ್ತು ವಿದ್ವತ್ ಸಂಸ್ಥೆಗಳು

ಬ್ಯಾರೋ ಬಿಡುವಿಲ್ಲದ ಬರೆಹಗಾರ. ಕ್ವಾರ್ಟರ್ಲಿ ರಿವ್ಯೂ ಪತ್ರಿಕೆಗೆ ಇನ್ನೂರರ ಸಮೀಪ ಲೇಖನಗಳನ್ನು ಬರೆದ. ಆರ್ಕ್ಟಿಕ್ ಯಾತ್ರೆಗಳ ಇತಿಹಾಸ 1818ರಲ್ಲಿ ಪ್ರಕಟವಾಯಿತು. ಬೌಂಟಿ ಹಡಗಿನ ದಂಗೆಯನ್ನು ಕುರಿತ 1831ರ ಗ್ರಂಥ ಈತನ ಕೃತಿಗಳಲ್ಲಿ ಹೆಚ್ಚು ಜನಪ್ರಿಯವಾದುದು. ಅದು ಮೊದಲು ಲೇಖಕನ ಹೆಸರಿಲ್ಲದೆ ಹೊರಬಂದಿತು. ಮೆಕಾರ್ಟ್ನಿ, ಹೌ, ಆನ್ಸನ್ ಮತ್ತು ಡ್ರೇಕ್ ಅವರ ಜೀವನಚರಿತ್ರೆಗಳನ್ನೂ ರಚಿಸಿದ. ಈತನ ಆತ್ಮಕಥೆ 1847ರಲ್ಲಿ ಪ್ರಕಟವಾಯಿತು.

1830ರ ಮೇ ತಿಂಗಳಲ್ಲಿ ಲಂಡನ್ನಿನಲ್ಲಿ ಬ್ಯಾರೋನ ಅಧ್ಯಕ್ಷತೆಯಲ್ಲಿ ನಡೆದ ಸಭೆಯೊಂದು ಭೂಗೋಳಶಾಸ್ತ್ರಕ್ಕೆ ಮೀಸಲಾದ ಸಂಸ್ಥೆ ಬೇಕೆಂದು ನಿರ್ಣಯಿಸಿತು. ಮುಂದೆ ರಾಯಲ್ ಜಿಯಾಗ್ರಫಿಕಲ್ ಸೊಸೈಟಿ ಎಂದು ಪ್ರಸಿದ್ಧವಾದ ಸಂಸ್ಥೆ ಹೀಗೆ ಹುಟ್ಟಿತು. ಬ್ಯಾರೋ 1835ರಿಂದ 1837ರವರೆಗೆ ಅದರ ಅಧ್ಯಕ್ಷನಾಗಿದ್ದ. ರಾಯಲ್ ಸೊಸೈಟಿಯ ಸದಸ್ಯನೂ ಆಗಿದ್ದ. 1821ರಲ್ಲಿ ಎಡಿನ್‌ಬರ ವಿಶ್ವವಿದ್ಯಾಲಯ ಈತನಿಗೆ ಗೌರವ ಪದವಿಯನ್ನು ನೀಡಿತು. 1835ರಲ್ಲಿ ಬ್ಯಾರೊನೆಟ್ ಬಿರುದು ದೊರೆಯಿತು.

ಮರಣ ಮತ್ತು ಸ್ಮರಣೆ

ಬ್ಯಾರೋ ಲಂಡನ್ನಿನಲ್ಲಿ ನಿಧನನಾದ. ಹಿರಿಯ ಮಗ ಜಾರ್ಜ್ ಬ್ಯಾರೊನೆಟ್ ಪದವಿಗೆ ಉತ್ತರಾಧಿಕಾರಿಯಾದ. ಇನ್ನೊಬ್ಬ ಮಗ ಜಾನ್, ಅಡ್ಮಿರಾಲ್ಟಿಯ ದಾಖಲೆಗಳ ವಿಭಾಗದಲ್ಲಿ ಕೆಲಸ ಮಾಡಿದವನು, ಫ್ರಾಂಕ್ಲಿನ್ ತಂಡದ ಶೋಧಕ್ಕಾಗಿ ಬಹಳ ಶ್ರಮಿಸಿದ.

1850ರಲ್ಲಿ ಅಲ್ವರ್ಸ್ಟನ್ನಿನ ಹೋಡ್ ಬೆಟ್ಟದ ಮೇಲೆ ಸುಮಾರು 100 ಅಡಿ ಎತ್ತರದ ಸ್ಮಾರಕವನ್ನು ನಿರ್ಮಿಸಲು ಆರಂಭಿಸಲಾಯಿತು. ಇದು ಎಡ್ಡಿಸ್ಟೋನ್ ದೀಪಸ್ತಂಭವನ್ನು ಹೋಲುತ್ತದೆ. ಕೆನಡದ ಬ್ಯಾರೋ ಜಲಸಂಧಿ, ಅಲಾಸ್ಕದ ಉತ್ತರ ತುದಿಯ ಬ್ಯಾರೋ ಭೂಶಿರ, ಪಶ್ಚಿಮ ಆಸ್ಟ್ರೇಲಿಯದ ಬ್ಯಾರೋ ದ್ವೀಪ ಮತ್ತು ಉತ್ತರದ ಚಳಿ ಪ್ರದೇಶಗಳ ಒಂದು ಜಾತಿಯ ಬಾತುಕೋಳಿ ಈತನ ಹೆಸರನ್ನು ಹೊತ್ತಿವೆ. ಅಲಾಸ್ಕದ ಬ್ಯಾರೋ ಪಟ್ಟಣದ ನಿವಾಸಿಗಳು 2016ರಲ್ಲಿ ಮತದಾನದ ಮೂಲಕ ತಮ್ಮ ಊರಿಗೆ ಉಟ್ಕಿಯಾಗ್ವಿಕ್ ಎಂಬ ಮೂಲ ಇನ್ಯುಪಿಯಾಕ್ ಹೆಸರನ್ನು ಮತ್ತೆ ಕೊಟ್ಟರು. ಇಂಗ್ಲೆಂಡಿನ ಬ್ಯಾರೋ ಇನ್ ಫರ್ನೆಸ್ ಪಟ್ಟಣ ಈತನ ಹುಟ್ಟೂರಿನ ಸಮೀಪವೇ ಇದ್ದರೂ ಅದರ ಹೆಸರು ಈತನಿಂದ ಬಂದುದಲ್ಲ.

ಮೌಲ್ಯಮಾಪನ

ತೊಗಲು ಹದಮಾಡುವವನ ಮಗ ಬ್ರಿಟಿಷ್ ನೌಕಾಪಡೆಯ ಆಡಳಿತದಲ್ಲಿ ಪ್ರಮುಖ ಸ್ಥಾನವನ್ನು ಪಡೆದದ್ದು ಆ ಕಾಲದಲ್ಲಿ ಅಪರೂಪದ ಸಂಗತಿ. ಅನ್ವೇಷಣೆಯನ್ನು ಶಾಂತಿಕಾಲದ ನೌಕಾಪಡೆಯ ನಿಯತ ಕರ್ತವ್ಯವನ್ನಾಗಿ ಮಾಡಿದ ಹಿರಿಮೆ ಬ್ಯಾರೋನದು. ಪದೇಪದೇ ಬದಲಾಗುವ ಮಂತ್ರಿಗಳ ನಡುವೆ ಇಂಥ ಕಾರ್ಯಕ್ರಮವೊಂದನ್ನು ಕಾಲು ಶತಮಾನಕ್ಕೂ ಹೆಚ್ಚು ಕಾಲ ಮುಂದುವರಿಸಲು ಸಾಧ್ಯವಾದುದು ಈತನ ಕಾಯಂ ಹುದ್ದೆಯಿಂದ. ಆದರೆ ಮಂತ್ರಿ ಸಂಸತ್ತಿಗೆ ಉತ್ತರಿಸಬೇಕಾಗಿತ್ತು. ಸಲಹೆ ಕೊಟ್ಟ ಕಾರ್ಯದರ್ಶಿ ಯಾರ ಮುಂದೆಯೂ ಬಹಿರಂಗವಾಗಿ ಉತ್ತರಿಸಬೇಕಾಗಿರಲಿಲ್ಲ. ತೆರೆದ ಧ್ರುವಸಮುದ್ರದ ಊಹೆಯನ್ನು ಹೊರಟವರ ಅನುಭವಗಳು ಮತ್ತೆ ಮತ್ತೆ ಅಲ್ಲಗಳೆದರೂ ಬ್ಯಾರೋ ಅದನ್ನು ಬಿಡಲಿಲ್ಲ. ತಿಮಿಂಗಿಲ ಬೇಟೆಗಾರರ ಮತ್ತು ನೆಲದ ಮೇಲೆ ಸಂಚರಿಸಿದವರ ತಿಳಿವಳಿಕೆಗೆ ಕಚೇರಿಯಲ್ಲಿ ತಕ್ಕ ಬೆಲೆ ದೊರೆಯಲಿಲ್ಲ. ಫರ್ಗಸ್ ಫ್ಲೆಮಿಂಗ್‌ನ 1998ರ ಗ್ರಂಥ ಈತ ಕಳುಹಿಸಿದ ಅನ್ವೇಷಕರ ಸಾಹಸ ಮತ್ತು ಸಂಕಟಗಳನ್ನು ವಿವರಿಸಿದೆ. ನಿಷ್ಪಕ್ಷಪಾತ ಕಾಯಂ ಸೇವೆಯ ಇತಿಹಾಸವನ್ನು ಓದುವವರಿಗೆ ಬ್ಯಾರೋ ಅದರ ಮೊದಲ ಮಾದರಿಗಳಲ್ಲಿ ಒಬ್ಬ. ಧ್ರುವಾನ್ವೇಷಣೆಯ ಇತಿಹಾಸದಲ್ಲಿ ಪ್ಯಾರಿಯ ಯಶಸ್ಸೂ ಫ್ರಾಂಕ್ಲಿನ್‌ನ ದುರಂತವೂ ಈತನ ಹೆಸರಿನೊಂದಿಗೆ ಸೇರಿವೆ.